ತುಣುಕೇ ಸಾಕ್ಷಿ

ಚಿ. ಪುಟ್ಟನಿಗೆ ಮಾವನ ಆಶೀರ್ವಾದಗಳು.

ನಿರ್ದೇಶನದ ಕಲೆಯ ಬಗ್ಗೆ ನೀನು ಮಾಡಹೊರಟ ಸಾಕ್ಷ್ಯಚಿತ್ರದ ಯೋಜನೆ ಓದಿದೆ. ಸಂದರ್ಶನಗಳಿಗೆ ಮೂರು ಪುಟ, ಹಳೆಯ ಚಿತ್ರಗಳ ತುಣುಕುಗಳಿಗೆ ಒಂದೇ ಸಾಲು. ಇದು ತಲೆಕೆಳಗಾಗಿದೆ. ಇಂಥ ಚಿತ್ರದಲ್ಲಿ ತುಣುಕೇ ಸಾಕ್ಷಿ. ಮಾತಾಡುವವರು ಬರೀ ವಕೀಲರು.

ಮೊದಲು ವೇಗ ನೋಡಿಕೋ. ಮೂಕಿ ಕಾಲದಲ್ಲಿ ಕ್ಯಾಮೆರಾವನ್ನು ಕೈಯಿಂದ ತಿರುಗಿಸುತ್ತಿದ್ದರು. ಸೆಕೆಂಡಿಗೆ 16 ಫ್ರೇಮಿನಷ್ಟಿದ್ದದ್ದು (ಫ್ರೇಮ್ ಎಂದರೆ ಒಂದೊಂದು ಬಿಡಿ ಚಿತ್ರ) ಬರಬರುತ್ತಾ ಏರಿತು. ಮಾತು ಬಂದ ಮೇಲಷ್ಟೇ 24ಕ್ಕೆ ನಿಂತಿತು. 16ರಲ್ಲಿ ತೆಗೆದದ್ದನ್ನು 24ರಲ್ಲಿ ಓಡಿಸಿದರೆ ನಿಮಿಷದ ದೃಶ್ಯ 40 ಸೆಕೆಂಡಿಗೆ ಮುಗಿಯುತ್ತದೆ, ಜನ ಕುಪ್ಪಳಿಸುತ್ತಾರೆ. ಒಂದು ಬಿಟ್ಟು ಒಂದು ಫ್ರೇಮನ್ನು ಎರಡು ಸಲ ಇಟ್ಟರೆ ಲೆಕ್ಕ ಸರಿಹೋಗುತ್ತದೆ. ಮೂಲ ವೇಗ ತಿಳಿಯದಿದ್ದರೆ ಸುರಿಯುವ ನೀರನ್ನೋ ಬೀಳುವ ವಸ್ತುವನ್ನೋ ನೋಡಿ ಹೊಂದಿಸು. ಹಾಸ್ಯಚಿತ್ರಗಳನ್ನು ಮಾತ್ರ ಮುಟ್ಟುವ ಮುಂಚೆ ಯೋಚಿಸು: ಅಲ್ಲಿ ಬೇಕೆಂದೇ ನಿಧಾನ ತಿರುಗಿಸಿದ್ದುಂಟು.

ಅಗಲ-ಎತ್ತರ 4:3 ಇರುವ ಹಳೆಯ ಚಿತ್ರವನ್ನು ಇಂದಿನ 16:9ರ ಅಗಲ ಪರದೆ ತುಂಬುವಂತೆ ಹಿಗ್ಗಿಸಬೇಡ. ಎತ್ತರದಲ್ಲಿ ಕಾಲುಭಾಗ ಹೋಗುತ್ತದೆ, ಹೋಗುವುದು ಹೆಚ್ಚಾಗಿ ನೆತ್ತಿ ಇಲ್ಲವೇ ಕೈ. ಎರಡೂ ಬದಿ ಕಪ್ಪು ಬಿಡು.

ಇನ್ನು ಹೆಚ್ಚು ಜನ ಎಡವುವ ಜಾಗ. ಅಕ್ಕಪಕ್ಕದ ಎರಡು ಶಾಟುಗಳ ನಡುವೆ ಅರ್ಥ ಹುಟ್ಟುತ್ತದೆಂದು ರಷ್ಯಾದ ನಿರ್ದೇಶಕ ಕುಲೆಶೊವ್ ನೂರು ವರ್ಷದ ಹಿಂದೆಯೇ ತೋರಿಸಿದ. ನೀನು ಆ ಎರಡರ ಮಧ್ಯೆ ಸಂದರ್ಶಿತರ ಮುಖ ತುರುಕಿದರೆ ಅದು ಬೇರೆಯದೇ ದೃಶ್ಯವಾಯಿತು! ಮೊದಲು ತುಣುಕು ಅದರದೇ ಶಬ್ದದೊಂದಿಗೆ ಕಡಿಯದೆ ಒಮ್ಮೆ ಓಡಲಿ. ವಿವರಣೆ ಎರಡನೇ ಸಲಕ್ಕೆ ಇರಲಿ.

ಸಂದರ್ಶನದಲ್ಲಿ ನಿರ್ದೇಶಕರನ್ನು ‘ಏನು ಹೇಳಹೊರಟಿದ್ದಿರಿ’ ಎಂದು ಕೇಳಿದರೆ ಭಾಷಣ ಸಿಗುತ್ತದೆ. ಲ್ಯಾಪ್‌ಟಾಪಿನಲ್ಲಿ ಅವರ ದೃಶ್ಯ ಹಾಕಿ, ಕಟ್ ಬಂದಲ್ಲಿ ನಿಲ್ಲಿಸಿ, ‘ಕ್ಯಾಮೆರಾ ಇಲ್ಲೇ ಯಾಕೆ? ಬೆಳಕು ಎಲ್ಲಿಂದ?’ ಎಂದು ಕೇಳು. 1922ರ ಸಾಕ್ಷ್ಯಚಿತ್ರ ‘ನಾನೂಕ್ ಆಫ್ ದಿ ನಾರ್ತ್’ನಲ್ಲಿ ಒಳಗಿನ ದೃಶ್ಯಕ್ಕೆ ಬೆಳಕು ಸಾಲದೆ ನಿರ್ದೇಶಕ ಫ್ಲಾಹರ್ಟಿ ಒಂದು ಬದಿ ತೆರೆದ ಇಗ್ಲೂ (ಹಿಮದ ಮನೆ) ಕಟ್ಟಿಸಿದ. ಸಾಕ್ಷ್ಯಚಿತ್ರದಲ್ಲಿ ನಿಜವೆಷ್ಟು, ಏರ್ಪಾಡೆಷ್ಟು ಎಂಬ ಇಡೀ ಜಗಳ ಆ ಗೋಡೆಯಲ್ಲಿದೆ. ಸಂದರ್ಶನದ ಹೊತ್ತಿಗೆ ಲ್ಯಾಪ್‌ಟಾಪಿನ ಶಬ್ದ ಪೂರ್ತಿ ನಿಲ್ಲಿಸಿರಬೇಕು. ಚಿತ್ರದ ಸಂಗೀತ ಮೈಕಿಗೆ ಸೇರಿಕೊಂಡರೆ ಆ ಮಾತನ್ನು ಆಮೇಲೆ ಎಲ್ಲೂ ಕತ್ತರಿಸಲಾಗದು. ಉತ್ತರ ಮುಗಿದ ಮೇಲೆ ಮನಸ್ಸಿನಲ್ಲೇ ನಾಲ್ಕು ಎಣಿಸು, ಒಳ್ಳೆಯ ಮಾತು ಆಗ ಬರುತ್ತದೆ. ಎದ್ದು ಹೊರಡುವ ಮುಂಚೆ ಖಾಲಿ ಕೋಣೆಯ ಸದ್ದನ್ನು 30 ಸೆಕೆಂಡು ಹಿಡಿದುಕೋ, ಮಾತು ಕತ್ತರಿಸಿದ ಜಾಗ ತುಂಬಲು ಬೇಕಾಗುತ್ತದೆ.

ಹಕ್ಕಿನ ವಿಷಯ ಎಡಿಟಿಂಗ್‌ಗೆ ಕೂರುವ ಮುಂಚೆಯೇ ಎತ್ತು. ಚಿತ್ರದ ಹಕ್ಕು ಒಬ್ಬರದು, ಪ್ರತಿ ಇಟ್ಟುಕೊಂಡ ಸಂಗ್ರಹಾಲಯ ಇನ್ನೊಂದು, ಹಾಡಿನ ಹಕ್ಕು ಮತ್ತೊಬ್ಬರದಾಗಿರಬಹುದು. ಯಾವ ದೇಶಗಳಿಗೆ, ಎಷ್ಟು ವರ್ಷಕ್ಕೆ, ಯಾವ ಮಾಧ್ಯಮಕ್ಕೆ ಎಂಬುದು ಬರಹದಲ್ಲಿರಲಿ. ಟೈಮ್‌ಕೋಡ್ (ಪ್ರತಿ ಫ್ರೇಮಿನ ಸಮಯ ತೋರಿಸುವ ಅಂಕಿ) ಅಚ್ಚಾದ ಕಡಿಮೆ ಗುಣಮಟ್ಟದ ಪ್ರತಿಯಲ್ಲಿ ಎಡಿಟ್ ಮಾಡು. ಕಟ್ ಅಂತಿಮವಾದ ಮೇಲಷ್ಟೇ ಬೇಕಾದಷ್ಟು ಸೆಕೆಂಡಿಗೆ ದುಡ್ಡು ಕಟ್ಟಿ ಮಾಸ್ಟರ್, ಅಂದರೆ ಪೂರ್ಣ ಗುಣಮಟ್ಟದ ಪ್ರತಿ, ತರಿಸು.

ತುಣುಕುಗಳ ಪಟ್ಟಿ ಸಿದ್ಧವಾದಾಗ ಕಳಿಸು, ನೋಡುತ್ತೇನೆ.

ನಿನ್ನ ಸೋದರಮಾವ