ಫ್ಯಾನಿಗೆ ಸಿಕ್ಕಿದ ಬಲೆ, ಅಪ್ಪ ಕೇಳಿದ ಪದ

ಬಾಲ್ಟಿಮೋರ್, ಅಮೆರಿಕ
ಭಾನುವಾರ ಬೆಳಗ್ಗೆ

ತೀರ್ಥರೂಪು ಅಪ್ಪನವರಿಗೆ ಮತ್ತು ಅಮ್ಮನಿಗೆ ನಿಮ್ಮ ಮಗಳು ಲತಾ ಮಾಡುವ ನಮಸ್ಕಾರಗಳು.

ನಾನಿಲ್ಲಿ ಕ್ಷೇಮವಾಗಿದ್ದೇನೆ. ಚಳಿ ಸ್ವಲ್ಪ ಕಡಿಮೆಯಾಗಿದೆ. ಅಮ್ಮ ಕಳಿಸಿದ ಮಸಾಲೆ ಪುಡಿ ಇನ್ನೂ ಅರ್ಧ ಡಬ್ಬಿ ಇದೆ, ಚಿಂತೆ ಬೇಡ.

ಅಪ್ಪ, ಹೋದ ವಾರ ಫೋನಿನಲ್ಲಿ ನೀವು ಒಂದು ಪದ ಕೇಳಿದಿರಿ. ‘ಅಫೌಲ್’ (afoul). ಪೇಪರಿನಲ್ಲಿ ಯಾರೋ ತೆರಿಗೆ ಕಾನೂನಿನ ವಿಷಯದಲ್ಲಿ ‘ರ‍್ಯಾನ್ ಅಫೌಲ್ ಆಫ್’ ಎಂದು ಬರೆದಿದ್ದರು. ನೀವು ಡಿಕ್ಷನರಿ ತೆಗೆದು ನೋಡಿದರೆ ಅದು ಕ್ರಿಯಾವಿಶೇಷಣ, ಅರ್ಥ ‘ಡಿಕ್ಕಿಯಾಗಿ’ ಎಂದಿತ್ತು. ‘ಮನುಷ್ಯ ಕಾನೂನಿಗೆ ಹೇಗೆ ಡಿಕ್ಕಿ ಹೊಡೆಯುತ್ತಾನೆ ಮಗಳೇ?’ ಎಂದಿರಿ. ಅಷ್ಟರಲ್ಲಿ ಲೈನ್ ಕಟ್ ಆಯಿತು. ಆಗಲೇ ಅಂದುಕೊಂಡೆ, ಇದನ್ನು ಫೋನಿನಲ್ಲಿ ಹೇಳಿದರೆ ಸಾಲದು, ಕೂತು ಬರೆಯಬೇಕು. ನಿಮ್ಮ ನೀಲಿ ರಟ್ಟಿನ ನೋಟ್‌ಬುಕ್ಕಿನಲ್ಲಿ ಈ ಪದಕ್ಕೆ ಒಂದು ಇಡೀ ಪುಟ ಬಿಡಿ.

ಈ ಪದ ನನಗೆ ಮೊದಲು ಸಿಕ್ಕಿದ್ದು ಪುಸ್ತಕದಲ್ಲಿ ಅಲ್ಲ. ನಾನು ಇಲ್ಲಿಗೆ ಬಂದ ಮೊದಲ ಬೇಸಿಗೆಯಲ್ಲಿ ಬಾಗಿಲ ಕೆಳಗೆ ಒಂದು ಚೀಟಿ ಬಂದು ಬಿದ್ದಿತ್ತು. ನಾನಿದ್ದ ಕಟ್ಟಡ ನೋಡಿಕೊಳ್ಳುವವರು ಬರೆದದ್ದು. ನನ್ನ ಮನೆಯು ಕಟ್ಟಡದ ನಿಯಮಗಳಿಗೆ ‘ಅಫೌಲ್’ ಆಗಿದೆ ಎಂದಿತ್ತು. ನನಗೆ ಕಂಡದ್ದು ‘ಫೌಲ್’ ಮಾತ್ರ. ಫೌಲ್ ಎಂದರೆ ನಾತ ಅಲ್ವಾ? ಹಿಂದಿನ ದಿನವೇ ನಾನು ಮೀನು ಹುರಿದಿದ್ದೆ. ನಮ್ಮ ಮನೆಯ ವಾಸನೆಯನ್ನೇ ಇವರು ಬರಹದಲ್ಲಿ ಹಾಕಿ ಕಳಿಸಿದ್ದಾರೆ ಎಂದು ನನಗೆ ತುಂಬಾ ನೋವಾಯಿತು. ಅಮ್ಮನಿಗೆ ಇದನ್ನು ಹೇಳಿಯೇ ಇರಲಿಲ್ಲ. ಎರಡು ವಾರ ಮೀನು ಮಾಡಲಿಲ್ಲ. ಕಿಟಕಿ ಮುಚ್ಚಿಕೊಂಡು ಸಾರು ಅನ್ನ ಉಂಡೆ. ಅಮ್ಮ ಫೋನಿನಲ್ಲಿ ‘ಇವತ್ತೇನು ಪದಾರ್ಥ?’ ಎಂದು ಕೇಳಿದಾಗ ಸುಮ್ನೆ ಏನೋ ಹೇಳುತ್ತಿದ್ದೆ.

ಕೊನೆಗೆ ಆ ಚೀಟಿಯನ್ನು ಪಕ್ಕದ ಮನೆಯ ಅಜ್ಜನಿಗೆ ತೋರಿಸಿದೆ. ಅವರು ಈ ಬಂದರಿನಲ್ಲಿ ಟಗ್ ಬೋಟಿನಲ್ಲಿ ಕೆಲಸ ಮಾಡಿ ನಿವೃತ್ತರಾದವರು. ದೊಡ್ಡ ಹಡಗುಗಳನ್ನು ಎಳೆದು ದಕ್ಕೆಗೆ ತರುವ ಸಣ್ಣ ಬೋಟು ಇರುತ್ತದಲ್ಲ, ಅದು. ಅವರು ಓದಿ ಹೇಳಿದರು: ‘ಇದು ವಾಸನೆಯ ಮಾತಲ್ಲ ಮಗು. ಬಾಲ್ಕನಿಯ ಕಂಬಿಯ ಮೇಲೆ ಬಟ್ಟೆ ಒಣಹಾಕಬಾರದು ಎಂದು ಅಷ್ಟೇ. ಈ ಪದ ನಮ್ಮದು. ಬೋಟಿನವರದು.’

ನಾನು ಒಣಹಾಕಿದ್ದು ಅಮ್ಮ ಕೊಟ್ಟ ಕಾಟನ್ ಸೀರೆ. ಅಂದು ಸಂಜೆಯೇ ಮೀನು ತಂದು ಹುರಿದೆ, ಅಜ್ಜನಿಗೂ ಒಂದು ತಟ್ಟೆ ಕೊಟ್ಟೆ. ಆಮೇಲೆ ಅವರು ತಮ್ಮ ಅಡುಗೆಮನೆಯ ಮೇಜಿನ ಮೇಲೆ ಎರಡು ಹಗ್ಗದ ತುಂಡು ಇಟ್ಟು, ಒಂದಕ್ಕೊಂದು ಸಿಕ್ಕು ಹಾಕಿ, ‘ನೋಡು, ಇದು ಅಫೌಲ್’ ಎಂದರು. ಅಂದಿನಿಂದ ಈ ಪದದ ಮೇಲೆ ನನಗೆ ಪ್ರೀತಿ ಹುಟ್ಟಿತು.

ಫೌಲ್ ಎಂದರೆ ನಾತ ಎಂದು ನಾನು ತಿಳಿದದ್ದು ಪೂರ್ತಿ ತಪ್ಪೇನಲ್ಲ ಅಪ್ಪ. ಹಳೆಯ ಇಂಗ್ಲಿಷಿನಲ್ಲಿ ಅದಕ್ಕೆ ಇದ್ದದ್ದು ಕೊಳೆತದ್ದು, ಹೊಲಸು ಎನ್ನುವ ಅರ್ಥವೇ. ನಾವು ‘ಪೂತಿಗಂಧ’ ಎನ್ನುತ್ತೇವಲ್ಲ, ಆ ಸಂಸ್ಕೃತದ ‘ಪೂತಿ’ಗೂ ಇಂಗ್ಲಿಷಿನ ಫೌಲಿಗೂ ಬೇರು ಒಂದೇ. ಕಡಲಿನವರು ಆ ಪದವನ್ನು ಎತ್ತಿಕೊಂಡು ತಮ್ಮ ಕೆಲಸಕ್ಕೆ ಬಳಸಿದರು. ಬೋಟಿನ ತಳಕ್ಕೆ ಪಾಚಿ, ಚಿಪ್ಪು ಅಂಟಿಕೊಂಡರೆ ತಳ ಫೌಲ್. ಗಾಳಿ ಎದುರಿನಿಂದ ಬೀಸಿದರೆ ಗಾಳಿ ಫೌಲ್. ಹಗ್ಗ ಸಲೀಸಾಗಿ ಹರಿಯದೆ ಸಿಕ್ಕಾದರೆ ಹಗ್ಗ ಫೌಲ್. ಬಿಡಿಸಿದ ಮೇಲೆ ಅದು ಕ್ಲಿಯರ್. ಅವರಿಗೆ ಕ್ಲಿಯರ್ ಮತ್ತು ಫೌಲ್ ಎರಡೂ ಜೋಡಿ ಪದಗಳು. ಇಲ್ಲಿನ ನೌಕಾಪಡೆಯ ಚೀಫ್ ಪೆಟಿ ಆಫೀಸರ್‌ಗಳ ಬಿಲ್ಲೆಯಲ್ಲಿ ಲಂಗರಿನ ಚಿತ್ರವಿದೆ. ಆ ಲಂಗರಿಗೆ ಸರಪಳಿ ಸುತ್ತಿಕೊಂಡಿದೆ. ಅದರ ಹೆಸರೇ ಫೌಲ್ ಆದ ಲಂಗರು. ಲಂಗರಿಗೆ ಹಗ್ಗ ಸುತ್ತಿಕೊಂಡರೆ ಎತ್ತುವವರಿಗೆ ಎಷ್ಟು ಕಷ್ಟ ಎಂದು ಮೀನಿನ ಬೋಟಿನ ನಮ್ಮ ಚಿಕ್ಕಪ್ಪನಿಗೆ ಹೇಳಬೇಕಾಗಿಲ್ಲ. ಆ ಕಷ್ಟವನ್ನೇ ಇವರು ಗುರುತಾಗಿ ಕಾಲರಿಗೆ ಚುಚ್ಚಿಕೊಂಡಿದ್ದಾರೆ. ನನಗೆ ಅದು ತುಂಬಾ ಹಿಡಿಸಿತು.

ಈಗ ಪದದ ಮೊದಲಿಗೆ ಇರುವ ‘ಅ’. ಇಲ್ಲಿ ಕನ್ನಡದವರು ಎಡವುವ ಸಂಭವ ಜಾಸ್ತಿ. ನಮಗೆ ‘ಅ’ ಎಂದರೆ ಅಲ್ಲ ಎಂದು. ನ್ಯಾಯ, ಅನ್ಯಾಯ. ಶುಭ, ಅಶುಭ. ಆ ಲೆಕ್ಕದಲ್ಲಿ ಅಫೌಲ್ ಎಂದರೆ ಹೊಲಸಲ್ಲದ್ದು ಎಂದಾಗಿಬಿಡುತ್ತದೆ! ಆದರೆ ಇದು ಆ ‘ಅ’ ಅಲ್ಲ. ಹಳೆಯ ಇಂಗ್ಲಿಷಿನ ‘ಆನ್’, ಅಂದರೆ ‘ಮೇಲೆ’ ಎನ್ನುವ ಪದ ಸವೆದು ಸವೆದು ‘ಅ’ ಆಗಿದೆ. ಅಶೋರ್ ಎಂದರೆ ದಡದ ಮೇಲೆ. ಅಗ್ರೌಂಡ್ ಎಂದರೆ ನೆಲ ಹತ್ತಿ ಕೂತದ್ದು, ನಮ್ಮ ಅಳಿವೆ ಬಾಯಲ್ಲಿ ಮರಳಿಗೆ ಬೋಟು ಕೂರುತ್ತದಲ್ಲ, ಹಾಗೆ. ಅಫ್ಲೋಟ್ (ತೇಲುತ್ತಾ ಇರುವುದು), ಅಡ್ರಿಫ್ಟ್ (ಹಿಡಿತವಿಲ್ಲದೆ ತೇಲಿ ಹೋಗುವುದು) ಎಲ್ಲ ಇದೇ ಸಾಲಿನವು. ಬೋಟು ಯಾವ ಸ್ಥಿತಿಯಲ್ಲಿದೆ ಎಂದು ಒಂದೇ ಮಾತಿನಲ್ಲಿ ಹೇಳುವ ಪದಗಳು. ಅಫೌಲ್ ಅವುಗಳ ತಂಗಿ. ‘ಸಿಕ್ಕಾದ ಸ್ಥಿತಿಯಲ್ಲಿ’ ಎಂದು ಅರ್ಥ. ಕ್ಲಾಸಿನಲ್ಲಿ ನೀವು ಪಾಠ ಮಾಡುವಾಗ ಈ ಸಾಲನ್ನು ಬೋರ್ಡಿನ ಮೇಲೆ ಒಂದರ ಕೆಳಗೊಂದು ಬರೆಯುತ್ತಿದ್ದಿರೇನೋ ಎಂದು ನೆನೆದುಕೊಂಡೆ.

ಆದ್ದರಿಂದ ಬರೀ ‘ಡಿಕ್ಕಿಯಾಗಿ’ ಎಂದರೆ ಪದದ ಅರ್ಧ ಕೈಬಿಟ್ಟ ಹಾಗೆ. ಡಿಕ್ಕಿ ಎಂದರೆ ಹೊಡೆದು ಮುಗಿಯಿತು. ಅಫೌಲ್ ಹಾಗಲ್ಲ. ತಾಗಿದ ಮೇಲೆ ಬಿಡಿಸಿಕೊಳ್ಳಲು ಆಗುವುದಿಲ್ಲ. ಒಂದು ಬೋಟಿನ ಹಗ್ಗ ಇನ್ನೊಂದರ ಕಂಬಕ್ಕೆ, ಅದರ ಲಂಗರು ಇದರ ಬಲೆಗೆ. ಎರಡೂ ಒಂದನ್ನೊಂದು ಎಳೆಯುತ್ತಾ ನೀರಿನಲ್ಲಿ ತಿರುಗುತ್ತವೆ.

ಚಿಕ್ಕಪ್ಪನ ಬೋಟಿನ ಫ್ಯಾನಿಗೆ (ನೀರಿನೊಳಗಿನ ಪ್ರೊಪೆಲ್ಲರ್) ಬಲೆ ಸಿಕ್ಕಿದ್ದು ನೆನಪಿದೆಯಾ ಅಪ್ಪ? ನಾನು ಆಗ ಎರಡನೇ ಪಿಯುಸಿ. ಬೇರೆ ಬೋಟಿನವರು ಬಿಟ್ಟಿದ್ದ ಬಲೆ ಕತ್ತಲೆಯಲ್ಲಿ ಕಾಣಲಿಲ್ಲ. ಚಿಕ್ಕಪ್ಪನ ಬೋಟು ಅದರ ಮೇಲೆ ಹೋಯಿತು, ಬಲೆ ಫ್ಯಾನಿಗೆ ಸುತ್ತಿ ಎಂಜಿನ್ ನಿಂತೇ ಹೋಯಿತು. ಮೂರನೇ ಬೋಟು ಬಂದು ಇಬ್ಬರನ್ನೂ ಗಂಗೊಳ್ಳಿ ಬಂದರಿಗೆ ಎಳೆದು ತರಬೇಕಾಯಿತು. ಫ್ಯಾನಿನಿಂದ ಬಲೆ ಕೊಯ್ದು ತೆಗೆಯಲು ಒಂದು ಇಡೀ ದಿನ ಹಿಡಿಯಿತು. ಹರಿದ ಬಲೆಯ ದುಡ್ಡು ಯಾರು ಕೊಡಬೇಕು ಎನ್ನುವ ಜಗಳ ಮಾತ್ರ ಎರಡು ವರ್ಷ ಬಿಡಿಸಲು ಆಗಲಿಲ್ಲ. ದಕ್ಕೆಯಲ್ಲಿ ಎದುರೆದುರು ಸಿಕ್ಕರೂ ಮಾತಿಲ್ಲ. ಅವರ ಮನೆಯ ಮದುವೆಗೆ ನಾವು ಹೋಗಲಿಲ್ಲ. ಅಮ್ಮ ಎಷ್ಟು ಬೇಸರ ಮಾಡಿಕೊಂಡಿದ್ದರು.

ಇಂಗ್ಲಿಷಿನಲ್ಲಿ ಈ ಪದಕ್ಕೂ ಆದದ್ದು ಅದೇ. ಮೊದಲು ಹಗ್ಗ ಹಗ್ಗಕ್ಕೆ ಸಿಕ್ಕಿತು. ಆಮೇಲೆ ಮನುಷ್ಯ ಮನುಷ್ಯನಿಗೆ ಸಿಕ್ಕು ಬಿದ್ದ. ಕೊನೆಗೆ ಕಾನೂನು, ನಿಯಮ, ಅಧಿಕಾರಿ ಎಲ್ಲದಕ್ಕೂ ಬಂತು. ಈಗ ಪೇಪರಿನಲ್ಲಿ ನೀವು ನೋಡುವುದು ಈ ಕೊನೆಯ ಅರ್ಥವನ್ನೇ. ಬೋಟಿನ ಅರ್ಥ ಅಜ್ಜನಂಥವರ ಬಾಯಲ್ಲಿ ಮಾತ್ರ ಉಳಿದಿದೆ.

ಬಳಸುವ ರೀತಿಯೂ ಹೇಳಿಬಿಡುತ್ತೇನೆ, ನೋಟ್‌ಬುಕ್ಕಿಗೆ ಬೇಕಾಗುತ್ತದೆ. ಇದು ಒಂಟಿಯಾಗಿ ಓಡಾಡುವ ಪದವಲ್ಲ. ಹಿಂದೆ ಹೆಚ್ಚಾಗಿ ‘ರನ್’ ಅಥವಾ ‘ಫಾಲ್’ ಬರುತ್ತದೆ, ಮುಂದೆ ‘ಆಫ್’ (of) ಬೇಕು. ‘ವಿತ್’ ಹಾಕಬಾರದು. ನಾನು ಒಮ್ಮೆ ಆಫೀಸಿನ ಪತ್ರದಲ್ಲಿ ‘ವಿತ್’ ಹಾಕಿದ್ದೆ, ಜೊತೆಯವರು ತಿದ್ದಿದರು. ಅಮೆರಿಕದವರು ‘ರನ್ ಅಫೌಲ್ ಆಫ್’ ಎಂದರೆ ಬ್ರಿಟಿಷರು ಹೆಚ್ಚಾಗಿ ಆ ‘ಅ’ ಬಿಟ್ಟು ‘ಫಾಲ್ ಫೌಲ್ ಆಫ್’ ಎನ್ನುತ್ತಾರೆ. ನೀವು ಓದಿ ಬೆಳೆದ ಇಂಗ್ಲಿಷ್ ಬ್ರಿಟಿಷರದು. ಅದಕ್ಕೇ ನಿಮಗೆ ಇದು ಹೊಸದಾಗಿ ಕಂಡಿರಬೇಕು. ಕ್ಯಾರಮ್ಮಿನಲ್ಲಿ ಸ್ಟ್ರೈಕರ್ ಗುಳಿಗೆ ಬಿದ್ದರೆ ‘ಫೌಲ್’ ಎಂದು ಕೂಗುತ್ತೇವಲ್ಲ, ಅದು ಬೇರೆ, ನಾಮಪದ. ಎರಡನ್ನೂ ಬೆರೆಸಿ ‘ಎ ಫೌಲ್’ ಎಂದು ಬಿಡಿಸಿ ಬರೆಯಬಾರದು.

ಇನ್ನೊಂದು ಸೂಕ್ಷ್ಮ ಇದೆ. ಕಾನೂನು ಮುರಿದ ಎಂದರೆ ಮುರಿಯುವುದು ಅವನ ಕೈಯ ಕೆಲಸ. ‘ರ‍್ಯಾನ್ ಅಫೌಲ್’ ಎಂದರೆ ಹಾಗೇ ಆಗಬೇಕಿಲ್ಲ. ಅವನು ತನ್ನ ಪಾಡಿಗೆ ಹೋಗುತ್ತಿದ್ದ, ನಿಯಮ ಅಲ್ಲಿ ಬಲೆಯ ಹಾಗೆ ಹರಡಿತ್ತು, ಸಿಕ್ಕಿಕೊಂಡ. ಗೊತ್ತಿದ್ದೂ ಹೋಗಿರಬಹುದು, ಗೊತ್ತಿಲ್ಲದೆಯೂ ಹೋಗಿರಬಹುದು. ಪದ ಅದನ್ನು ಹೇಳುವುದಿಲ್ಲ. ನನ್ನ ಸೀರೆಯ ವಿಷಯದಲ್ಲಿ ಆದದ್ದು ಇದೇ. ಅರ್ಥ ತಿಳಿದ ಮೇಲೆ ಆ ಚೀಟಿಯ ಮೇಲಿದ್ದ ಸಿಟ್ಟು ಹೋಯಿತು. ಅವರು ನನ್ನನ್ನು ಕೆಟ್ಟವಳು ಎಂದಿರಲಿಲ್ಲ.

ಕನ್ನಡದಲ್ಲಿ ಏನು ಹೇಳುವುದು ಎಂದು ಎರಡು ದಿನ ಯೋಚಿಸಿದೆ. ಬೋಟಿಗಾದರೆ ‘ಸಿಕ್ಕಿಹಾಕಿಕೊಂಡಿತು’. ಅಮ್ಮ ನನ್ನ ತಲೆ ಬಾಚುವಾಗ ಬಿಡಿಸುತ್ತಿದ್ದ ಸಿಕ್ಕೂ ಇದೇ, ಪೊಲೀಸರಿಗೆ ಸಿಕ್ಕಿಬಿದ್ದ ಎನ್ನುವಾಗಿನ ಸಿಕ್ಕೂ ಇದೇ. ಮನುಷ್ಯರ ವಿಷಯಕ್ಕೆ ‘ಎದುರು ಹಾಕಿಕೊಂಡ’. ‘ಊರಿನವರನ್ನೆಲ್ಲ ಎದುರು ಹಾಕಿಕೊಂಡ’ ಎಂದರೆ ಈ ಇಂಗ್ಲಿಷ್ ಮಾತಿಗೆ ಬಹಳ ಹತ್ತಿರ. ಕಾನೂನಿಗೆ? ಸಿಕ್ಕಿಬಿದ್ದ ಎಂದರೆ ಹಿಡಿದೇಬಿಟ್ಟರು ಎಂದಾಗುತ್ತದೆ, ಅದು ಜಾಸ್ತಿಯಾಯಿತು. ‘ಕಾನೂನಿಗೆ ತೊಡರಿಕೊಂಡ’ ಎಂದರೆ ಸರಿ ಎಂದು ನನ್ನ ಅಭಿಪ್ರಾಯ. ಕಾಲಿಗೆ ಬಳ್ಳಿ ತೊಡರುತ್ತದಲ್ಲ, ಹಾಗೆ. ನಿಮಗೆ ಇದಕ್ಕಿಂತ ಒಳ್ಳೆಯದು ಹೊಳೆದರೆ ತಿದ್ದಿ.

ನೀವು ಇನ್ನೊಂದು ಕೇಳಿದಿರಿ. ಇಲ್ಲಿನ ಸೇತುವೆಗೆ ಹಡಗು ಹೊಡೆದದ್ದಕ್ಕೆ ಈ ಪದ ಬರುತ್ತದಾ ಎಂದು. 2024ರ ಮಾರ್ಚ್ 26. ನಮ್ಮಲ್ಲಿ ರಾತ್ರಿ 1 ಗಂಟೆ 28 ನಿಮಿಷ, ನಿಮ್ಮಲ್ಲಿ ಬೆಳಗ್ಗೆ 11 ಆಗುತ್ತಾ ಬಂದಿತ್ತು. ನಾನು ಏಳುವ ಮೊದಲೇ ನಿಮ್ಮ ಐದು ಮಿಸ್ಡ್ ಕಾಲ್ ಇದ್ದವು. ‘ಡಾಲಿ’ ಎನ್ನುವ, ಸುಮಾರು 300 ಮೀಟರ್ ಉದ್ದದ ಕಂಟೇನರ್ ಹಡಗು. ಕರೆಂಟು ಹೋಗಿ ಹಿಡಿತ ತಪ್ಪಿ ಫ್ರಾನ್ಸಿಸ್ ಸ್ಕಾಟ್ ಕೀ ಸೇತುವೆಯ ಕಂಬಕ್ಕೆ ಬಂದು ಹೊಡೆಯಿತು. ಹಡಗಿನಲ್ಲಿದ್ದವರಲ್ಲಿ ಹೆಚ್ಚಿನವರು ನಮ್ಮ ದೇಶದವರೇ. ಹಡಗಿನಿಂದ ಮೊದಲೇ ಸುದ್ದಿ ಕೊಟ್ಟಿದ್ದರಿಂದ ಪೊಲೀಸರು ವಾಹನ ತಡೆದರು, ಎಷ್ಟೋ ಜೀವ ಉಳಿಯಿತು. ಆದರೆ ಸೇತುವೆಯ ಮೇಲೆ ರಸ್ತೆಯ ಗುಂಡಿ ಮುಚ್ಚುತ್ತಿದ್ದ ಆರು ಜನ ಕೂಲಿಯವರು ತೀರಿಕೊಂಡರು. ದೂರದ ದೇಶಗಳಿಂದ ದುಡಿಯಲು ಬಂದವರು.

ವ್ಯಾಕರಣ ನೋಡಿದರೆ ಹಡಗು ಸೇತುವೆಗೆ ‘ರ‍್ಯಾನ್ ಅಫೌಲ್’ ಎಂದು ಬರೆಯಲು ಅಡ್ಡಿಯಿಲ್ಲ. ಆದರೆ ಬರೆಯಬಾರದು ಅಪ್ಪ. ಆರು ಜನ ಸತ್ತ ಜಾಗಕ್ಕೆ ಆ ಪದ ತೀರಾ ಹಗುರ. ಅಲ್ಲಿ ‘ಹೊಡೆಯಿತು’ ಎಂದೇ ಹೇಳಬೇಕು. ಹಡಗಿನ ಕಾನೂನು ಓದಿದವರು ಇದಕ್ಕೆ ಬೇರೆಯೇ ಪದ ಇಟ್ಟಿದ್ದಾರೆ, ‘ಅಲಿಷನ್’. ಚಲಿಸುವ ಎರಡು ಹಡಗು ತಾಗಿದರೆ ಕೊಲಿಷನ್. ಚಲಿಸುವ ಹಡಗು ನಿಂತಿರುವ ವಸ್ತುವಿಗೆ ತಾಗಿದರೆ ಅಲಿಷನ್. ನೋಟ್‌ಬುಕ್ಕಿನಲ್ಲಿ ಇದನ್ನೂ ಬರೆದುಕೊಳ್ಳಿ.

ಅಜ್ಜ ಅಂದು ಬೆಳಗ್ಗೆ ಬಂದರಿನ ಕಡೆಗೆ ನಡೆದು ಹೋದವರು ಮಧ್ಯಾಹ್ನದವರೆಗೆ ವಾಪಸ್ ಬರಲಿಲ್ಲ. ಬಂದ ಮೇಲೆ ಏನೂ ಮಾತಾಡಲಿಲ್ಲ. ನಾನು ಗಂಜಿ ಮಾಡಿ ಕೊಟ್ಟೆ.

ಒಂದು ಕೆಲಸ ಇದೆ. ಚಿಕ್ಕಪ್ಪ ಮುಂದಿನ ಸಲ ಮನೆಗೆ ಬಂದಾಗ ಕೇಳಿ. ಎರಡು ಬೋಟಿನ ಲಂಗರು ಒಂದಕ್ಕೊಂದು ಸಿಕ್ಕಿದರೆ ಬೋಟು ನಡೆಸುವ ನಮ್ಮ ತಾಂಡೇಲರು ಏನಂತ ಕೂಗುತ್ತಾರೆ? ಅದಕ್ಕೆ ಒಂದು ಮಾತು ಇದ್ದೇ ಇರಬೇಕು. ಜೂನ್ ಒಂದರಿಂದ ಜುಲೈ ಕೊನೆಯವರೆಗೆ ಬೋಟು ಕಡಲಿಗೆ ಇಳಿಯುವುದಿಲ್ಲ, ಆಗ ಅವರಿಗೂ ಸ್ವಲ್ಪ ಬಿಡುವು ಇರುತ್ತದೆ. ಚಿಕ್ಕಪ್ಪ ಹೇಳಿದ್ದನ್ನು ಅವರ ಬಾಯಲ್ಲಿ ಬಂದ ಹಾಗೆಯೇ ಬರೆದು ಕಳಿಸಿ, ತಿದ್ದಬೇಡಿ. ಅಜ್ಜನಿಗೆ ಹೇಳುತ್ತೇನೆ ಎಂದು ಮಾತು ಕೊಟ್ಟಿದ್ದೇನೆ.

ಅಮ್ಮನಿಗೆ ಹೇಳಿ, ಆ ಸೀರೆಯನ್ನು ಈಗ ಮನೆಯ ಒಳಗೇ ಹಗ್ಗ ಕಟ್ಟಿ ಒಣಹಾಕುತ್ತೇನೆ.

ನಿಮ್ಮ ಮಗಳು,
ಲತಾ