ಭಾನುವಾರ ಮಾತು ಬಂದ್

ಎಲ್ಲರಿಗೂ ನಮಸ್ಕಾರ. ಈ ಭಾನುವಾರ ಬೆಳಗ್ಗೆ 10ಕ್ಕೆ ಮೂಕಾಭಿನಯದ ಅಭ್ಯಾಸ. ಬಾಗಿಲು ದಾಟಿದ ಮೇಲೆ ಯಾರೂ ಮಾತಾಡುವಂತಿಲ್ಲ. ಕಾಫಿ ಕೇಳುವುದೂ ಸನ್ನೆಯಲ್ಲೇ!

ಕಳೆದ ಸಲ ಎಲ್ಲರೂ ಇಲ್ಲದ ಗಾಜಿನ ಗೋಡೆ ತಡವಿದ್ದೇ ತಡವಿದ್ದು. ಸಾಕು ಅಲ್ವಾ? ಈ ಸಲ ಇಬ್ಬಿಬ್ಬರಾಗಿ ಇಲ್ಲದ ಮಂಚವೊಂದನ್ನು ಎತ್ತೋಣ. ನೀವು ಎತ್ತುವಾಗ ಎದುರಿನವರ ಬೆನ್ನೂ ಬಾಗದಿದ್ದರೆ ಮಂಚಕ್ಕೆ ಭಾರವೇ ಬರುವುದಿಲ್ಲ. ಹಾಗಾಗಿ ನಿಮ್ಮ ಕೈ ನೋಡಿಕೊಳ್ಳಬೇಡಿ, ಅವರ ಕಣ್ಣು ನೋಡಿ, ಉಸಿರು ಗಮನಿಸಿ. ಸುಮ್ನೆ ಮುಖ ಕಿವುಚಬೇಡಿ.

ಫ್ರಾನ್ಸಿನ ಮೂಕಾಭಿನಯ ಕಲಾವಿದ ಮಾರ್ಸೆಲ್ ಮಾರ್ಸೋ ಗೊತ್ತಲ್ಲ, 1947ರಲ್ಲಿ ಬಿಪ್ ಎಂಬ ಪಾತ್ರ ಕಟ್ಟಿದವರು. ಪಟ್ಟೆ ಅಂಗಿ, ಹಳೇ ಟೋಪಿ, ಅದಕ್ಕೊಂದು ಹೂವು. ಅದಕ್ಕೂ ಮೊದಲು, ಎರಡನೇ ಮಹಾಯುದ್ಧದ ಕಾಲದಲ್ಲಿ, ಯಹೂದಿ ಮಕ್ಕಳನ್ನು ಗುಟ್ಟಾಗಿ ಸ್ವಿಟ್ಜರ್ಲೆಂಡಿಗೆ ದಾಟಿಸಲು ಅವರು ನೆರವಾಗಿದ್ದರು. ಮಕ್ಕಳು ಹೆದರಬಾರದು, ಸದ್ದೂ ಮಾಡಬಾರದು. ಅದಕ್ಕೇ ದಾರಿಯಲ್ಲಿ ಅವರ ಮುಂದೆ ಅಭಿನಯಿಸಿದರು. ನನಗಂತೂ ಬಿಪ್‌ಗಿಂತ ಈ ಆಟವೇ ದೊಡ್ಡದು.

ಸಡಿಲ ಬಟ್ಟೆ ಹಾಕಿಕೊಂಡು ಬನ್ನಿ. ಮುಖಕ್ಕೆ ಬಿಳಿ ಬಣ್ಣ ಬೇಡ, ಹೋದ ಸಲ ನನ್ನ ಎರಡು ಟವೆಲ್ ಹಾಳಾದವು. ಬರುವವರು ಶುಕ್ರವಾರದೊಳಗೆ ಇಲ್ಲೇ ತಿಳಿಸಿ. ಬರೆಯಬೇಕಿಲ್ಲ, ಹೆಬ್ಬೆರಳು ಎತ್ತಿದರೆ ಸಾಕು.