ಕೈಮಗ್ಗದ ಇಳಕಲ್ ಸೀರೆಯ ಹೆಸರಿನಲ್ಲಿ ಪಾಲಿಯೆಸ್ಟರ್ ಸೀರೆ ಕಳುಹಿಸಿದ ಬಗ್ಗೆ ದೂರು

ಮೈಸೂರು
ದಿನಾಂಕ: 14 ಮೇ 2025

ಇವರಿಗೆ,
ಕುಂದುಕೊರತೆ ಅಧಿಕಾರಿಗಳು,
ಆನ್‌ಲೈನ್ ಸೀರೆ ಮಾರಾಟ ಸಂಸ್ಥೆ

ವಿಷಯ: ಹಣ ಮರುಪಾವತಿ ಹಾಗೂ ಜಾಲತಾಣದಲ್ಲಿನ ತಪ್ಪು ವಿವರಣೆಯ ತಿದ್ದುಪಡಿ ಕೋರಿ.

ಮಾನ್ಯರೇ,

ಕಳೆದ ಏಪ್ರಿಲ್ 9ರಂದು ನಿಮ್ಮ ಜಾಲತಾಣದಲ್ಲಿ ₹7,850 ಪಾವತಿಸಿ, ಹಸಿರು ಒಡಲಿನ, ಕೆಂಪು ಸೆರಗಿನ ಇಳಕಲ್ ಸೀರೆಯೊಂದನ್ನು ತರಿಸಿಕೊಂಡೆ. ಇಳಕಲ್ಲಿನ ಕೈಮಗ್ಗದಲ್ಲಿ ನೇಯ್ದದ್ದು, ಹತ್ತಿಯ ಒಡಲು, ಶುದ್ಧ ರೇಷ್ಮೆಯ ದಡಿ ಮತ್ತು ಸೆರಗು, ಸಾಂಪ್ರದಾಯಿಕ ಕೊಂಡಿ ಜೋಡಣೆ ಎಂದು ಅದರ ಚಿತ್ರದ ಕೆಳಗೆ ನೀವು ಬರೆದಿದ್ದಿರಿ. ಏಪ್ರಿಲ್ 17ರಂದು ಸೀರೆ ಕೈಸೇರಿತು. ಬಿಚ್ಚಿ ನೋಡಿದರೆ ಬರೆದಿದ್ದ ಒಂದು ಮಾತೂ ಅದಕ್ಕೆ ಹೊಂದುತ್ತಿರಲಿಲ್ಲ. ಮರುದಿನವೇ ದೂರು ಕೊಟ್ಟೆ. ಆರು ದಿನಗಳ ನಂತರ ನಿಮ್ಮ ಗ್ರಾಹಕ ಸೇವಾ ವಿಭಾಗದಿಂದ ಬಂದ ಉತ್ತರದಲ್ಲಿ, ಕೈಯಿಂದ ನೇಯ್ದ ಬಟ್ಟೆಯಲ್ಲಿ ಸಣ್ಣಪುಟ್ಟ ವ್ಯತ್ಯಾಸಗಳು ಸಹಜವೆಂದೂ, ಸೀರೆಯಿಂದ ಎಳೆಗಳನ್ನು ತೆಗೆದಿರುವುದರಿಂದ ಅದನ್ನು ಹಿಂದಕ್ಕೆ ಪಡೆಯಲಾಗದೆಂದೂ ತಿಳಿಸಲಾಗಿತ್ತು. ಈ ಉತ್ತರವನ್ನು ನಾನು ಒಪ್ಪುವುದಿಲ್ಲ. ಕಾರಣವನ್ನು ವಿವರವಾಗಿಯೇ ಬರೆಯುತ್ತಿದ್ದೇನೆ.

ನಾನು ಹುಟ್ಟಿ ಬೆಳೆದದ್ದು ಇಳಕಲ್ಲಿನ ನೇಕಾರರ ಮನೆಯಲ್ಲಿ. ಅಪ್ಪ ಕುಣಿಮಗ್ಗದಲ್ಲಿ ಕಾಲಿಳಿಸಿ ಕುಳಿತು ನೇಯುತ್ತಿದ್ದರು. ಶಾಲೆಯಿಂದ ಬಂದ ಮೇಲೆ ಕಂಡಿಕೆಗೆ ನೂಲು ಸುತ್ತುವುದು ನಮ್ಮ ಪಾಲಿನ ಕೆಲಸ. ಹಾಗಾಗಿ ನಿಮ್ಮ ವಿವರಣೆಯಲ್ಲಿದ್ದ ‘ಕೊಂಡಿ’ ಎಂಬ ಒಂದು ಮಾತನ್ನು ನಂಬಿಯೇ ನಾನು ಬೆಲೆಯ ಬಗ್ಗೆ ಎರಡನೆಯ ಯೋಚನೆ ಮಾಡಲಿಲ್ಲ. ಆ ಮಾತಿಗೆ ಏನು ಅರ್ಥವೆಂಬುದು ಅದನ್ನು ಬರೆದವರಿಗೆ ತಿಳಿದಿತ್ತೆಂದು ನನಗೆ ಅನಿಸುವುದಿಲ್ಲ.

ಇಳಕಲ್ ಸೀರೆಯಲ್ಲಿ ಒಡಲಿನ ಹಾಸು, ಅಂದರೆ ಉದ್ದಕ್ಕೆ ಹೋಗುವ ಎಳೆಗಳು ಬೇರೆ, ಸೆರಗಿನ ಹಾಸು ಬೇರೆ. ಒಡಲಿನ ಪ್ರತಿಯೊಂದು ಎಳೆಯ ತುದಿಯ ಕುಣಿಕೆಗೆ ಸೆರಗಿನ ಎಳೆಯ ಕುಣಿಕೆಯನ್ನು ಸಿಕ್ಕಿಸಿ, ಸೀರೆಯ ಅಗಲಕ್ಕೂ ಹೀಗೆ ಸಾವಿರಾರು ಎಳೆಗಳನ್ನು ಒಂದೊಂದಾಗಿ ಕೂಡಿಸುತ್ತಾರೆ. ಇದೇ ಕೊಂಡಿ. ಈ ಕಾರಣಕ್ಕೇ ಒಂದೊಂದು ಸೀರೆಗೂ ಹೊಸದಾಗಿ ಹಾಸು ಸಿದ್ಧಪಡಿಸಬೇಕಾಗುತ್ತದೆ. ಉದ್ದನೆಯ ಒಂದೇ ಹಾಸಿನ ಮೇಲೆ ಸಾಲಾಗಿ ಹತ್ತಾರು ಸೀರೆ ನೇಯ್ದು ಕತ್ತರಿಸುವ ವಿದ್ಯುತ್ ಮಗ್ಗದ ಲೆಕ್ಕ ಇಲ್ಲಿ ನಡೆಯುವುದಿಲ್ಲ. ಇಷ್ಟೆಲ್ಲ ಶ್ರಮ ಏಕೆಂದರೆ, ಕೆಂಪು ಸೆರಗಿನಲ್ಲಿ ಹಾಸೂ ಕೆಂಪು, ಅಡ್ಡಕ್ಕೆ ಹಾಯುವ ಹೊಕ್ಕೂ ಕೆಂಪಾಗಿರಬೇಕು. ಒಡಲಿನ ಬಣ್ಣದ ಒಂದೆಳೆಯೂ ಅದರೊಳಗೆ ಬೆರೆಯಬಾರದು. ಆಗ ಮಾತ್ರ ಟೋಪತೆನಿ ಎಂಬ ಸೆರಗಿನ ಬಿಳಿ ವಿನ್ಯಾಸ ಆ ಕೆಂಪಿನ ಮೇಲೆ ಎದ್ದು ಕಾಣುತ್ತದೆ. ಒಡಲು ಮುಗಿದು ಸೆರಗು ಶುರುವಾಗುವಲ್ಲಿ ಹೆಬ್ಬೆರಳು ಆಡಿಸಿದರೆ ಕುಣಿಕೆಗಳ ಸಾಲು ಸಣ್ಣ ಏಣಿನಂತೆ ಬೆರಳಿಗೆ ತಾಗುತ್ತದೆ. ಇಳಕಲ್ಲಿನ ಹೆಣ್ಣುಮಕ್ಕಳಿಗೆ ಇದನ್ನು ಯಾರೂ ಹೇಳಿಕೊಡಬೇಕಿಲ್ಲ.

ನೀವು ಕಳುಹಿಸಿದ ಸೀರೆಯಲ್ಲಿ ಬೆರಳಿಗೆ ಏನೂ ತಾಗಲಿಲ್ಲ. ಸೆರಗನ್ನು ಕಿಟಕಿಯ ಬೆಳಕಿಗೆ ಹಿಡಿದು ಓರೆ ಮಾಡಿದಾಗ ಕೆಂಪಿನ ಒಳಗಿನಿಂದ ಹಸಿರು ಛಾಯೆ ತೇಲಿ ಬಂತು. ಸೂಜಿಯಿಂದ ಎಳೆಗಳನ್ನು ಸರಿಸಿ ನೋಡಿದೆ: ಒಡಲಿನ ಹಸಿರು ಎಳೆಗಳೇ ಸೆರಗಿನ ಕೊನೆಯವರೆಗೂ ಹಾಸಾಗಿ ಹೋಗಿದ್ದವು, ಅವುಗಳ ಮೇಲೆ ಕೆಂಪು ಹೊಕ್ಕನ್ನು ಮಾತ್ರ ಹಾಯಿಸಲಾಗಿತ್ತು. ಅಂದರೆ ಆ ಸೀರೆಯಲ್ಲಿ ಕೊಂಡಿ ಸರಿಯಾಗಿ ಕೂಡಿಲ್ಲವೆಂದಲ್ಲ, ಕೊಂಡಿಯೇ ಇಲ್ಲ. ನೇಕಾರನ ಕೈ ತಪ್ಪಿ ಎಳೆಯೊಂದು ಕಡಿದಿದ್ದರೆ, ಬಣ್ಣ ಒಂದು ಪಾಲು ಗಾಢವಾಗಿದ್ದರೆ ಅದನ್ನು ವ್ಯತ್ಯಾಸವೆನ್ನಬಹುದು. ಅಂಥದ್ದಕ್ಕೆ ನಾನು ಎಂದೂ ದೂರುವವಳಲ್ಲ. ಇಲ್ಲದ ಜೋಡಣೆಯನ್ನು ಇದೆಯೆಂದು ಬರೆದದ್ದನ್ನು ವ್ಯತ್ಯಾಸವೆನ್ನಲು ಬರುವುದಿಲ್ಲ.

ಇನ್ನು ನೂಲಿನ ವಿಷಯ. ಅಂಚಿನಿಂದ ನಾಲ್ಕು ಎಳೆಗಳನ್ನು ತೆಗೆದು ದೀಪಕ್ಕೆ ಹಿಡಿದು ನೋಡಿದೆ. ಹತ್ತಿ ಕಾಗದದಂತೆ ಉರಿದು ಮೆತ್ತನೆಯ ಬೂದಿಯಾಗುತ್ತದೆ. ರೇಷ್ಮೆ ನಿಧಾನವಾಗಿ ಸುರುಟಿಕೊಂಡು, ಕೂದಲು ಸುಟ್ಟ ವಾಸನೆ ಬಂದು, ಬೆರಳಲ್ಲಿ ಒತ್ತಿದರೆ ಪುಡಿಯಾಗುವ ಕರಿ ಉಳಿಸುತ್ತದೆ. ನಿಮ್ಮ ಸೀರೆಯ ಒಡಲಿನ ಹಾಸಿನ ಎಳೆ, ಹೊಕ್ಕಿನ ಎಳೆ ಎರಡೂ ಜ್ವಾಲೆಯ ಹತ್ತಿರ ಹೋಗುತ್ತಲೇ ಕುಗ್ಗಿ ಕರಗಿ, ಆರಿದ ಮೇಲೆ ಉಗುರಿನಿಂದಲೂ ಒಡೆಯಲಾಗದ ಗಟ್ಟಿ ಮಣಿಗಳಾದವು. ಅದು ಪಾಲಿಯೆಸ್ಟರ್. ಸೆರಗಿನ ಕೆಂಪು ಹೊಕ್ಕು ಮತ್ತು ದಡಿಯ ಎಳೆ ಕಾಗದದ ವಾಸನೆ ಬಿಟ್ಟು ಬೇಗನೆ ಉರಿದುಹೋದವು; ಅದು ರೇಷ್ಮೆಯಲ್ಲ, ಮರದ ತಿರುಳಿನಿಂದ ತಯಾರಿಸುವ ವಿಸ್ಕೋಸ್, ನಮ್ಮೂರಿನಲ್ಲಿ ಚಮಕಾ ಎಂದು ಕರೆಯುವ ಕೃತಕ ರೇಷ್ಮೆ. ಮನೆಯಲ್ಲಿ ಮಾಡಿದ ಪರೀಕ್ಷೆಯನ್ನು ನೀವು ನಂಬಬೇಕಿಲ್ಲ; ಕೇಂದ್ರ ಸರ್ಕಾರದ ವಸ್ತ್ರ ಸಮಿತಿಯ ಪ್ರಯೋಗಾಲಯಕ್ಕೆ ಸೀರೆಯನ್ನು ಕಳುಹಿಸಲು ನಾನು ಸಿದ್ಧಳಿದ್ದೇನೆ. ಆದರೆ ಆ ನಾಲ್ಕು ಎಳೆಗಳ ಕಾರಣ ಕೊಟ್ಟು ಸೀರೆಯನ್ನು ಹಿಂಪಡೆಯಲು ನಿರಾಕರಿಸುವುದು ನ್ಯಾಯವಲ್ಲ. ನೂಲು ಯಾವುದೆಂದು ನೀವು ನಿಜ ಹೇಳಿದ್ದರೆ ಎಳೆ ತೆಗೆಯುವ ಪ್ರಸಂಗವೇ ಬರುತ್ತಿರಲಿಲ್ಲ.

ಚಮಕಾದ ಮೇಲಾಗಲಿ, ಪಾಲಿಯೆಸ್ಟರಿನ ಮೇಲಾಗಲಿ, ವಿದ್ಯುತ್ ಮಗ್ಗದವರ ಮೇಲಾಗಲಿ ನನಗೆ ದ್ವೇಷವಿಲ್ಲವೆಂದು ಇಲ್ಲಿಯೇ ಸ್ಪಷ್ಟಪಡಿಸುತ್ತೇನೆ. ಕೃತಕ ರೇಷ್ಮೆಯ ಸೆರಗು ಹಾಕಿ ಕೈಮಗ್ಗದಲ್ಲೇ ನೇಯ್ದ ಇಳಕಲ್ ಸೀರೆಗಳೂ ಇವೆ. ಅವನ್ನು ಹಾಗೆಂದೇ ಹೇಳಿ ಅದರದೇ ಬೆಲೆಗೆ ಮಾರುವ ಅಂಗಡಿಗಳು ಊರಿನಲ್ಲಿವೆ. ದಿನವಿಡೀ ದುಡಿಯುವ ಹೆಂಗಸರಿಗೆ ಬೇಗ ಒಣಗುವ, ಇಸ್ತ್ರಿ ಬೇಡದ ಸೀರೆ ಅನುಕೂಲವೇ. ನಾನು ಹತ್ತಿಯ ಒಡಲನ್ನು ಕೇಳಿದ್ದು ಬೇರೆ ಕಾರಣಕ್ಕೆ. ಏಳು ತಿಂಗಳ ಬಸುರಿ ಮಗಳ ಕುಬಸ (ಸೀಮಂತ) ಏಪ್ರಿಲ್ 30ರ ಅಕ್ಷಯ ತೃತೀಯದಂದು ಇತ್ತು. ಆ ಬಿಸಿಲಿನಲ್ಲಿ ಮೂರು ತಾಸು ಆರತಿಯ ಮುಂದೆ ಕೂರಬೇಕಾದವಳಿಗೆ ಬೆವರು ಹೀರುವ ಬಟ್ಟೆ ಬೇಕಿತ್ತು. ಹತ್ತಿ ಗಾಳಿಯಲ್ಲಿನ ತೇವವನ್ನೇ ತನ್ನ ತೂಕದ ಸುಮಾರು ಶೇ 8ರಷ್ಟು ಹಿಡಿದಿಟ್ಟುಕೊಳ್ಳುತ್ತದೆ. ಪಾಲಿಯೆಸ್ಟರಿನಲ್ಲಿ ಅದು ಶೇ 1ರಷ್ಟೂ ಇಲ್ಲ. ಕೊನೆಗೆ ಅಪ್ಪ 1983ರಲ್ಲಿ ಅವ್ವನಿಗಾಗಿ ನೇಯ್ದಿದ್ದ ಸೀರೆಯನ್ನು ಪೆಟ್ಟಿಗೆಯಿಂದ ತೆಗೆದು ಉಡಿಸಿದೆವು. ಆ ಸೀರೆಯ ಕೊಂಡಿಯ ಚಿತ್ರವನ್ನೂ ನಿಮ್ಮ ಸೀರೆಯ ಅದೇ ಜಾಗದ ಚಿತ್ರವನ್ನೂ ಅಕ್ಕಪಕ್ಕ ಇಟ್ಟು ಈ ಪತ್ರದೊಂದಿಗೆ ಲಗತ್ತಿಸಿದ್ದೇನೆ. ಒಂದರಲ್ಲಿ ಕಾಣುವುದು ಇನ್ನೊಂದರಲ್ಲಿ ಇಲ್ಲವೆಂದು ತಿಳಿಯಲು ನೇಯ್ಗೆ ಬಲ್ಲವರೇ ಬೇಕಾಗಿಲ್ಲ.

ಇಳಕಲ್ ಸೀರೆಗೆ ಭೌಗೋಳಿಕ ಸೂಚಕ ಮಾನ್ಯತೆಯಿದೆ. ಆ ಪ್ರದೇಶದ, ಆ ಬಗೆಯ ನೇಯ್ಗೆಗೆ ಮಾತ್ರ ಸಲ್ಲುವ ಹೆಸರು ಅದು; 1999ರ ಭೌಗೋಳಿಕ ಸೂಚಕಗಳ ಕಾಯ್ದೆ ಅದಕ್ಕೆ ರಕ್ಷಣೆ ಕೊಟ್ಟಿದೆ. ಕೈಮಗ್ಗದ ಬಟ್ಟೆಯನ್ನು ಗುರುತಿಸಲು 2006ರಿಂದ ಹ್ಯಾಂಡ್‌ಲೂಮ್ ಮಾರ್ಕ್, ಶುದ್ಧ ರೇಷ್ಮೆಗೆ 2004ರಿಂದ ಸಿಲ್ಕ್ ಮಾರ್ಕ್ ಜಾರಿಯಲ್ಲಿವೆ. ನಿಮ್ಮ ಸೀರೆಗೆ ಇವೆರಡರ ಚೀಟಿಯೂ ಇರಲಿಲ್ಲ. ಮಗ್ಗದ ಚಿತ್ರ ಮುದ್ರಿಸಿದ ನಿಮ್ಮದೇ ಒಂದು ಕಾಗದ ತೂಗುತ್ತಿತ್ತು. ನನಗಾದ ನಷ್ಟಕ್ಕಿಂತ ಇದು ನನ್ನನ್ನು ಹೆಚ್ಚು ನೋಯಿಸಿದೆ. ಕೊಂಡಿ ಕೂಡಿಸಿ, ವಾರಗಟ್ಟಲೆ ಮಗ್ಗದಲ್ಲಿ ಕುಳಿತು ನೇಯ್ದವರ ಸೀರೆಯ ಬೆಲೆಗೇ ನೀವು ಇದನ್ನು ಮಾರಿದರೆ, ಆ ನೇಕಾರರ ಕೂಲಿ ಯಾರ ಕೈ ಸೇರಿತು ಎಂಬ ಪ್ರಶ್ನೆಗೆ ನೀವು ಉತ್ತರಿಸಬೇಕಾಗುತ್ತದೆ.

ಜಾಹೀರಾತಿನಲ್ಲಿ ಹೇಳಿದ ಗುಣಲಕ್ಷಣವಿಲ್ಲದ ಸರಕನ್ನು ಹಿಂಪಡೆಯಲು ನಿರಾಕರಿಸುವಂತಿಲ್ಲವೆಂದು ಗ್ರಾಹಕ ಸಂರಕ್ಷಣೆಯ 2020ರ ಇ-ವಾಣಿಜ್ಯ ನಿಯಮಗಳು ಹೇಳುತ್ತವೆ. ಅದರಂತೆ ಪೂರ್ತಿ ₹7,850ನ್ನು ನನ್ನ ಖಾತೆಗೆ ಮರಳಿಸಿ, ಸೀರೆಯನ್ನು ನಿಮ್ಮ ಖರ್ಚಿನಲ್ಲಿ ಒಯ್ಯಬೇಕು. ಈಗಲೂ ಜಾಲತಾಣದಲ್ಲಿರುವ ಆ ವಿವರಣೆಯನ್ನು ಕೂಡಲೇ ತೆಗೆದು, ಒಡಲು, ದಡಿ, ಸೆರಗು ಮೂರಕ್ಕೂ ಯಾವ ನೂಲು, ಯಾವ ಮಗ್ಗ ಎಂಬುದನ್ನು ಬೇರೆಬೇರೆಯಾಗಿ ನಮೂದಿಸಬೇಕು. ಇದೇ ಸೀರೆಯನ್ನು ಕೊಂಡ ಇತರರಿಗೂ ನಿಜ ತಿಳಿಸಿ, ಬೇಡವೆಂದವರ ಹಣ ಮರಳಿಸಬೇಕೆಂಬುದು ನನ್ನ ಆಗ್ರಹ. ಅವರಲ್ಲಿ ಹಲವರಿಗೆ ಹೆಬ್ಬೆರಳು ಎಲ್ಲಿ ಆಡಿಸಿ ನೋಡಬೇಕೆಂಬುದು ತಿಳಿದಿರಲಾರದು.

ಈ ಪತ್ರ ತಲುಪಿದ್ದನ್ನು ನಿಯಮದಂತೆ 48 ಗಂಟೆಗಳೊಳಗೆ ದೃಢಪಡಿಸಿ, ಒಂದು ತಿಂಗಳೊಳಗೆ ಇತ್ಯರ್ಥಪಡಿಸಬೇಕಾಗಿ ಕೋರುತ್ತೇನೆ. ತಪ್ಪಿದಲ್ಲಿ ರಾಷ್ಟ್ರೀಯ ಗ್ರಾಹಕ ಸಹಾಯವಾಣಿ 1915ರಲ್ಲಿ ದೂರು ದಾಖಲಿಸಿ, ಮೈಸೂರಿನ ಜಿಲ್ಲಾ ಗ್ರಾಹಕರ ಆಯೋಗದ ಮುಂದೆ ಸೀರೆಯೊಂದಿಗೆ ಹಾಜರಾಗುತ್ತೇನೆ. ಅಲ್ಲಿಯವರೆಗೆ ಸೀರೆಯನ್ನು ಉಡದೆ, ಒಗೆಯದೆ, ಬಂದ ಡಬ್ಬಿಯಲ್ಲೇ ಇಟ್ಟಿರುತ್ತೇನೆ.

ಇಂತಿ,
ನಿಮ್ಮ ಗ್ರಾಹಕಿ

ಲಗತ್ತು: ರಸೀದಿ, ಜಾಲತಾಣದ ವಿವರಣೆಯ ಪ್ರತಿ, ನಿಮ್ಮ ಉತ್ತರದ ಪ್ರತಿ, ಎರಡು ಸೀರೆಗಳ ಚಿತ್ರಗಳು